ಹೊಲದ ಮೇಲೆ ಹೈಟೆನ್ಷನ್ ಲೈನ್: ಆಕ್ಷೇಪಣೆಯಿಂದ ಪರಿಹಾರದವರೆಗೆ ಹಂತ ಹಂತವಾಗಿ

ನನ್ನ ಮೇಜಿನ ಖಾನೆಯಲ್ಲಿ ಒಂದು ಅರ್ಜಿಯ ನಕಲಿದೆ. ಹದಿನಾಲ್ಕು ಸಹಿ, ಎರಡು ಹೆಬ್ಬೆಟ್ಟು. ಯಲಬುರ್ಗಾ ತಾಲ್ಲೂಕಿನ ಒಂದು ಹಳ್ಳಿಯವರು ಬರೆಸಿದ್ದು. ‘ಮಾನ್ಯ ವಿದ್ಯುತ್ ಇಲಾಖೆಯವರಿಗೆ’ ಎಂದು ಶುರುವಾಗಿ ‘ನಮ್ಮ ಹೊಲದಲ್ಲಿ ಟವರ್ ಹಾಕಲು ನಾವು ಸುತರಾಂ ಒಪ್ಪುವುದಿಲ್ಲ’ ಎಂದು ಮುಗಿಯುತ್ತದೆ. ತಾರೀಖಿಲ್ಲ, ಸರ್ವೆ ನಂಬರಿಲ್ಲ, ಯಾವ ಕಚೇರಿಗೆ ಕೊಟ್ಟರು ಎಂಬುದಕ್ಕೆ ಮೊಹರಿಲ್ಲ. ಅದನ್ನು ಹಿಡಿದು ಅವರು ನನ್ನ ಬಳಿ ಬಂದ ದಿನ ಬುನಾದಿಯ ನಾಲ್ಕೂ ಗುಂಡಿಗಳಿಗೆ ಕಾಂಕ್ರೀಟ್ ಬಿದ್ದಾಗಿತ್ತು.

ಇಂಥ ಅರ್ಜಿಗಳು ವರ್ಷಕ್ಕೆ ಹತ್ತಾರು ಬರುತ್ತವೆ. ಶಕ್ತಿನಗರ, ಯರಮರಸ್, ಕುಡತಿನಿಯ ಸ್ಥಾವರಗಳಿಂದ ಹೊರಡುವ ಹಳೆಯ ಲೈನ್‌ಗಳ ಜೊತೆಗೆ ಈಗ ಗಾಳಿಯಂತ್ರ ಮತ್ತು ಸೋಲಾರ್ ಘಟಕಗಳ ಲೈನ್‌ಗಳೂ ಸೇರಿ ಕೊಪ್ಪಳ, ರಾಯಚೂರು, ಬಳ್ಳಾರಿ ಸೀಮೆಯ ಎರೆ ಹೊಲಗಳ ಮೇಲೆ ತಂತಿಯ ಬಲೆ ದಟ್ಟವಾಗುತ್ತಿದೆ. ರೈತರ ಸಿಟ್ಟು ನ್ಯಾಯವಾದದ್ದೇ. ತಪ್ಪುವುದು ಕ್ರಮದಲ್ಲಿ. ದೊಡ್ಡ ಲೈನ್‌ಗಳ ವಿಷಯದಲ್ಲಿ ‘ಒಪ್ಪುವುದಿಲ್ಲ’ ಎಂಬ ಒಂದೇ ಮಾತಿಗೆ ಕಾನೂನಿನಲ್ಲಿ ತೂಕ ಬಹಳ ಕಡಿಮೆ. ತೂಕ ಇರುವುದು ನಾಲ್ಕು ಪ್ರಶ್ನೆಗಳಿಗೆ: ಬಂದವರಿಗೆ ಅಧಿಕಾರ ಇದೆಯೇ, ಬೇರೆ ದಾರಿ ಇತ್ತೇ, ಹಾನಿ ಎಷ್ಟು, ಕೊಟ್ಟ ಹಣ ಸಾಕೇ. ಈ ನಾಲ್ಕನ್ನೂ ಕೇಳುವ ಬಾಗಿಲುಗಳು ಬೇರೆ ಬೇರೆ. ಒಂದು ಬಾಗಿಲಿನ ಪ್ರಶ್ನೆಯನ್ನು ಇನ್ನೊಂದರಲ್ಲಿ ಕೇಳಿ ಸೋತವರೇ ಹೆಚ್ಚು.

ಮೊದಲು ಕೈಯಲ್ಲಿ ಇರಬೇಕಾದದ್ದು

ಚಾಲ್ತಿ ವರ್ಷದ ಪಹಣಿ, ಮ್ಯುಟೇಶನ್ ಪ್ರತಿ, ಸರ್ವೆ ನಕ್ಷೆ ಅಥವಾ ಟಿಪ್ಪಣಿ, ಗ್ರಾಮ ನಕ್ಷೆಯ ಒಂದು ಪ್ರತಿ. ಐವತ್ತು ಮೀಟರಿನ ಅಳತೆ ಟೇಪು. ಸ್ಥಳದ ಅಕ್ಷಾಂಶ ರೇಖಾಂಶ ಚಿತ್ರದ ಮೇಲೆಯೇ ಮೂಡಿಸುವ ಆ್ಯಪ್ ಇರುವ ಮೊಬೈಲ್. ಒಂದು ಉದ್ದನೆಯ ನೋಟ್‌ಬುಕ್. ಕೊನೆಯದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಯಾವ ದಿನ ಯಾರು ಬಂದರು, ಏನೆಂದರು, ಯಾವ ವಾಹನದಲ್ಲಿ ಬಂದರು ಎಂದು ಅಂದಂದೇ ಬರೆದಿಟ್ಟ ಪುಸ್ತಕ ಎರಡು ವರ್ಷದ ನಂತರ ಸಾಕ್ಷಿ ಕಟ್ಟೆಯಲ್ಲಿ ನಿಮ್ಮ ನೆನಪನ್ನು ಕಾಯುತ್ತದೆ.

ಹಂತ 1: ಲೈನ್ ಯಾರದು, ಎಷ್ಟು ಕೆವಿ (ಕಿಲೋವೋಲ್ಟ್) ಎಂದು ತಿಳಿಯಿರಿ

ಹೊಲದಲ್ಲಿ ಸರ್ವೆ ಮಾಡುವ ಹುಡುಗರನ್ನು ಕೇಳಿದರೆ ‘ಕೆಇಬಿ ಲೈನ್’ ಎನ್ನುತ್ತಾರೆ. ಆ ಉತ್ತರಕ್ಕೆ ತೃಪ್ತರಾಗಬೇಡಿ. ಮುಂದಿನ ಹಂತಗಳೆಲ್ಲ ಈ ಒಂದು ಉತ್ತರದ ಮೇಲೆ ನಿಂತಿವೆ.

ಮನೆ, ಪಂಪ್‌ಸೆಟ್‌ಗಳಿಗೆ ಬರುವ 11 ಕೆವಿ ಮತ್ತು ಅದಕ್ಕಿಂತ ಸಣ್ಣ ಲೈನ್‌ಗಳು ನಮ್ಮ ಭಾಗದಲ್ಲಿ ಮನೆ ಮನೆಗೆ ವಿದ್ಯುತ್ ಹಂಚುವ ಕಂಪನಿಯಾದ ಜೆಸ್ಕಾಂನವು. 66 ಕೆವಿಯಿಂದ ಮೇಲಿನ ರಾಜ್ಯದೊಳಗಿನ ಪ್ರಸರಣ ಮಾರ್ಗಗಳು ಸಾಮಾನ್ಯವಾಗಿ ರಾಜ್ಯದ ಪ್ರಸರಣ ನಿಗಮವಾದ ಕೆಪಿಟಿಸಿಎಲ್‌ನವು. ರಾಜ್ಯದಿಂದ ರಾಜ್ಯಕ್ಕೆ ಹೋಗುವ 400 ಮತ್ತು 765 ಕೆವಿ ಮಾರ್ಗಗಳು ಕೇಂದ್ರದ ಕಂಪನಿಯಾದ ಪವರ್‌ಗ್ರಿಡ್‌ನವು ಅಥವಾ ಹರಾಜಿನಲ್ಲಿ ಗುತ್ತಿಗೆ ಪಡೆದ ಖಾಸಗಿ ಪ್ರಸರಣ ಕಂಪನಿಗಳವು. ನಾಲ್ಕನೆಯದು ಗಾಳಿ ಅಥವಾ ಸೋಲಾರ್ ಕಂಪನಿಯೊಂದು ತನ್ನ ಘಟಕದಿಂದ ಉಪಕೇಂದ್ರದವರೆಗೆ ಎಳೆಯುವ ಸ್ವಂತ ಲೈನ್. ಕುಷ್ಟಗಿ, ಯಲಬುರ್ಗಾ, ಕುಕನೂರು ಕಡೆ ಜಗಳ ಹೆಚ್ಚಾಗಿ ಏಳುವುದು ಈ ನಾಲ್ಕನೆಯ ಬಗೆಯಿಂದ.

ವ್ಯತ್ಯಾಸ ಏಕೆ ಮುಖ್ಯ? 2003ರ ವಿದ್ಯುಚ್ಛಕ್ತಿ ಕಾಯ್ದೆಯ 164ನೇ ಕಲಮಿನಡಿ ಸರ್ಕಾರ ಆದೇಶ ಹೊರಡಿಸಿ, 1885ರ ಭಾರತೀಯ ತಂತಿ (ಟೆಲಿಗ್ರಾಫ್) ಕಾಯ್ದೆಯಲ್ಲಿ ತಂತಿ ಪ್ರಾಧಿಕಾರಕ್ಕೆ ಇದ್ದ ಅಧಿಕಾರವನ್ನು ಒಂದು ಸಂಸ್ಥೆಗೆ ಕೊಡಬಹುದು. ಆ ಆದೇಶ ಇದ್ದವರಿಗೆ ನಿಮ್ಮ ಪೂರ್ವಾನುಮತಿ ಬೇಕಿಲ್ಲ. ಪವರ್‌ಗ್ರಿಡ್ ಮತ್ತು ಸೆಂಚುರಿ ಟೆಕ್ಸ್‌ಟೈಲ್ಸ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ಹೇಳಿದೆ. ತಂತಿ ಕಾಯ್ದೆಯ ಜಾಗಕ್ಕೆ 2023ರ ದೂರಸಂಪರ್ಕ ಕಾಯ್ದೆ ಬಂದಿದ್ದರೂ ವಿದ್ಯುತ್ ಮಾರ್ಗಗಳ ಮಟ್ಟಿಗೆ ಹಳೆಯದರ ಮೂರನೇ ಭಾಗವನ್ನು ಉಳಿಸಿಕೊಳ್ಳಲಾಗಿದೆ. ‘ಆ ಕಾಯ್ದೆಯೇ ಸತ್ತುಹೋಗಿದೆ’ ಎಂದು ವಾದಿಸುವ ಉತ್ಸಾಹಿಗಳ ಮಾತು ನಂಬಬೇಡಿ.

164ರ ಆದೇಶ ಇಲ್ಲದ ಪರವಾನಗಿದಾರರ ಕಥೆ ಬೇರೆ. 2006ರ ಕೇಂದ್ರ ನಿಯಮಗಳ ಪ್ರಕಾರ ಅವರು ಮಾಲೀಕರ ಅಥವಾ ಸಾಗುವಳಿದಾರರ ಒಪ್ಪಿಗೆ ಪಡೆಯಬೇಕು. ನೀವು ಆಕ್ಷೇಪಿಸಿದರೆ ಜಿಲ್ಲಾ ದಂಡಾಧಿಕಾರಿಯ, ಅಂದರೆ ಜಿಲ್ಲಾಧಿಕಾರಿಯ, ಲಿಖಿತ ಅನುಮತಿ ತರಬೇಕು. ಪರವಾನಗಿಯೂ ಇಲ್ಲದ, 164ರ ಆದೇಶವೂ ಇಲ್ಲದ ಖಾಸಗಿ ಕಂಪನಿಗೆ ನಿಮ್ಮ ಹೊಲದ ಮಟ್ಟಿಗೆ ನಿಮ್ಮ ಸಹಿಯೇ ಅಧಿಕಾರ. ಅಲ್ಲಿ ‘ಒಪ್ಪುವುದಿಲ್ಲ’ ಎಂಬ ಮಾತಿಗೆ ಪೂರ್ಣ ಬೆಲೆ ಇದೆ. ಆದ್ದರಿಂದಲೇ ಅವರ ಕಡೆಯ ಮಧ್ಯವರ್ತಿಗಳು ‘ಸರ್ಕಾರದ ಲೈನ್, ಸುಮ್ಮನೆ ಸಹಿ ಹಾಕಿ’ ಎನ್ನುವುದು.

ಕೇಳಬೇಕಾದ ಪ್ರಶ್ನೆ ಒಂದೇ: ‘164ರ ಆದೇಶದ ಸಂಖ್ಯೆ, ತಾರೀಖು ಕೊಡಿ.’ ಅಧಿಕಾರ ಇರುವವರು ಪ್ರತಿಯನ್ನೇ ಕೊಡುತ್ತಾರೆ.

ಹಂತ 2: ಪಹಣಿಯನ್ನು ಸರಿಮಾಡಿಕೊಳ್ಳಿ

ಪಹಣಿ ಇನ್ನೂ ತೀರಿಹೋದ ಅಜ್ಜನ ಹೆಸರಿನಲ್ಲಿದ್ದರೆ ಇವತ್ತೇ ನಾಡಕಚೇರಿಗೆ ಹೋಗಿ ಪೌತಿ ಖಾತೆಗೆ, ಅಂದರೆ ವಾರಸುದಾರರ ಹೆಸರಿಗೆ ಖಾತೆ ಬದಲಿಸಲು, ಅರ್ಜಿ ಕೊಡಿ. ಪರಿಹಾರದ ಚೆಕ್ ಪಹಣಿಯ ಹೆಸರನ್ನು ಹುಡುಕಿಕೊಂಡು ಬರುತ್ತದೆ. ಹೆಸರು ಸರಿ ಇಲ್ಲದಿದ್ದರೆ ಹಣ ಅಲ್ಲೇ ನಿಲ್ಲುತ್ತದೆ, ಇಲ್ಲವೇ ಖಾತೆಯಲ್ಲಿ ಮುಂದಿರುವ ಅಣ್ಣನ ಕೈ ಸೇರುತ್ತದೆ. ಅಣ್ಣ ತಮ್ಮಂದಿರ ಪಾಲು ಅಳೆದು ಬೇರ್ಪಡಿಸುವ ಪೋಡಿ ಆಗಿಲ್ಲದಿದ್ದರೆ ಯಾರ ಪಾಲಿನ ಮೇಲೆ ತಂತಿ ಹೋಗುತ್ತದೆ ಎಂದು ನಕ್ಷೆಯಲ್ಲಿ ಗುರುತು ಹಾಕಿ, ಎಲ್ಲರೂ ಸಹಿ ಮಾಡಿದ ಒಂದು ಹೇಳಿಕೆಯನ್ನು ಈಗಲೇ ಇಟ್ಟುಕೊಳ್ಳಿ.

ಪಹಣಿಯ ಬೆಳೆ ಕಾಲಂ ನೋಡುವುದನ್ನು ಮರೆಯಬೇಡಿ. ಹೊಲದಲ್ಲಿ ದಾಳಿಂಬೆ ನಿಂತಿದ್ದು ಪಹಣಿಯಲ್ಲಿ ‘ಸಜ್ಜೆ’ ಎಂದಿದ್ದರೆ ಮುಂದೆ ಒಂದೊಂದು ಗಿಡಕ್ಕೂ ಜಗಳವಾಡಬೇಕಾಗುತ್ತದೆ. ಗುತ್ತಿಗೆಗೆ ಹೊಲ ಮಾಡುವವರಿಗೂ ಒಂದು ಮಾತು. ತಂತಿ ಕಾಯ್ದೆಯ 10ನೇ ಕಲಂ ಪರಿಹಾರ ಕೊಡಬೇಕೆನ್ನುವುದು ‘ಹಿತಾಸಕ್ತಿ ಇರುವ ಎಲ್ಲರಿಗೂ’. ಗಂಗಾವತಿ, ಸಿಂಧನೂರು ಕಡೆ ಭತ್ತದ ಗದ್ದೆಯನ್ನು ಗುತ್ತಿಗೆಗೆ ಮಾಡುವವರು ತಮ್ಮ ಕರಾರು ಪತ್ರ ತೋರಿಸಿ ಬೆಳೆ ಹಾನಿಯನ್ನು ಪ್ರತ್ಯೇಕವಾಗಿ ಕೇಳಬಹುದು. ಬಾಯಿ ಮಾತಿನ ಗುತ್ತಿಗೆಯಾದರೆ ಕಷ್ಟ.

ಹಂತ 3: ಗೂಟ ಕಂಡ ದಿನವೇ ಹೊಲ ಅಳೆಯಿರಿ

ಮೊದಲ ಸೂಚನೆ ಸಾಮಾನ್ಯವಾಗಿ ನೋಟಿಸಿನ ರೂಪದಲ್ಲಿ ಬರುವುದಿಲ್ಲ. ಒಂದು ಬೆಳಿಗ್ಗೆ ಹತ್ತಿ ಸಾಲಿನ ನಡುವೆ ಮೊಣಕಾಲೆತ್ತರದ ಗೂಟವೋ, ಬದುವಿನ ಕಲ್ಲಿನ ಮೇಲೆ ಕೆಂಪು ಬಣ್ಣದಲ್ಲಿ ಬರೆದ ಅಂಕಿಯೋ ಕಾಣುತ್ತದೆ. ಆ ಗೂಟವನ್ನು ಕೀಳಬೇಡಿ. ಕಿತ್ತವರು ಮಾರ್ಗ ಬದಲಾಯಿಸಿದ್ದನ್ನು ನಾನು ಕಂಡಿಲ್ಲ. ಪೊಲೀಸ್ ಠಾಣೆಗೆ ಅಲೆದದ್ದನ್ನು ಕಂಡಿದ್ದೇನೆ. ಗೂಟ ನಿಮ್ಮದೇ ಸಾಕ್ಷ್ಯ. ಅದರಿಂದ ಬೋರ್‌ವೆಲ್, ಬಾವಿ, ಮನೆ, ದನದ ಕೊಟ್ಟಿಗೆ, ಪೈಪ್‌ಲೈನ್ ಮತ್ತು ಬದು ಎಷ್ಟೆಷ್ಟು ಮೀಟರ್ ದೂರವಿವೆ ಎಂದು ಅಳೆದು ಬರೆಯಿರಿ. ಗೂಟದ ಮೇಲಿನ ಸಂಖ್ಯೆ ಕಾಣುವಂತೆ ಚಿತ್ರ ತೆಗೆಯಿರಿ. ಹಿಂದಿನ ಮತ್ತು ಮುಂದಿನ ಹೊಲದ ಗೂಟಗಳನ್ನೂ ನೋಡಿ ಬಂದರೆ ಲೈನ್ ಯಾವ ರೇಖೆಯಲ್ಲಿ ಸಾಗುತ್ತದೆ ಎಂದು ಗ್ರಾಮ ನಕ್ಷೆಯ ಮೇಲೆ ನೀವೇ ಗೆರೆ ಎಳೆಯಬಹುದು.

ಆ ಗೆರೆಯ ಎರಡೂ ಬದಿಗೆ ಕಾರಿಡಾರ್, ಅಂದರೆ ತಂತಿಯ ಕೆಳಗೆ ನಿರ್ಬಂಧ ಇರುವ ನೆಲದ ಪಟ್ಟಿ, ಗುರುತಿಸಿ. ವಾಡಿಕೆಯಲ್ಲಿರುವ ಒಟ್ಟು ಅಗಲ 66 ಕೆವಿಗೆ 18 ಮೀಟರ್, 110 ಕೆವಿಗೆ 22, 220 ಕೆವಿಗೆ 35, 400 ಕೆವಿಗೆ 46, 765 ಕೆವಿಗೆ 67. ಅರ್ಧ ಆ ಕಡೆ, ಅರ್ಧ ಈ ಕಡೆ. ಈ ಪಟ್ಟಿಯಲ್ಲಿ ಬೆಳೆ ಬೆಳೆಯಬಹುದು. ಮನೆ ಕಟ್ಟುವಂತಿಲ್ಲ, ತಂತಿಗೆ ತಾಗುವಷ್ಟು ಬೆಳೆಯುವ ಮರ ಹಾಕುವಂತಿಲ್ಲ, ಬೋರ್‌ವೆಲ್ ಕೊರೆಯುವ ಲಾರಿಯ ಉದ್ದನೆಯ ಕಂಬವನ್ನು ಅಲ್ಲಿ ಎತ್ತುವುದು ಜೀವಕ್ಕೆ ಅಪಾಯ. ನೀರಿನ ಸೆಲೆ ಆ ಪಟ್ಟಿಯಲ್ಲೇ ಇದ್ದರೆ ಅದು ಹಾನಿಯ ಒಂದು ಪ್ರತ್ಯೇಕ ಬಾಬ್ತು. ಇದನ್ನು ನಮೂದಿಸಿದ ಅರ್ಜಿ ನನಗೆ ಸಿಕ್ಕಿರುವುದು ಬೆರಳೆಣಿಕೆಯಷ್ಟು.

ಹಂತ 4: ಆಕ್ಷೇಪಣೆ ಬರೆಯುವುದು

ಮಾರ್ಗದ ಕುರಿತ ಪತ್ರಿಕಾ ಪ್ರಕಟಣೆ ಬಂದಿದ್ದರೆ ಅದರಲ್ಲಿ ಹೇಳಿದ ಗಡುವಿನೊಳಗೆ, ಬಂದಿಲ್ಲವಾದರೆ ಗೂಟ ಕಂಡ ವಾರದೊಳಗೆ ಬರೆಯಿರಿ. ಬುನಾದಿ ಬಿದ್ದ ಮೇಲೆ ಮಾರ್ಗ ಬದಲಾವಣೆಯ ಮಾತಿಗೆ ಯಾರೂ ಕಿವಿಗೊಡುವುದಿಲ್ಲ, ಏಕೆಂದರೆ ಒಂದು ಟವರ್ ಸರಿದರೆ ಹಿಂದು ಮುಂದಿನ ಎರಡು ಟವರ್‌ಗಳ ಲೆಕ್ಕವೂ ತಪ್ಪುತ್ತದೆ.

ಯಾರಿಗೆ? ಲೈನ್ ಕಾಮಗಾರಿಯ ಹೊಣೆ ಹೊತ್ತ ಕಾರ್ಯನಿರ್ವಾಹಕ ಎಂಜಿನಿಯರ್ ಅಥವಾ ಕಂಪನಿಯ ಯೋಜನಾ ವ್ಯವಸ್ಥಾಪಕರಿಗೆ ಮೂಲ ಪ್ರತಿ; ಜಿಲ್ಲಾಧಿಕಾರಿಗೂ ತಹಶೀಲ್ದಾರರಿಗೂ ನಕಲು. ಹೊಸಪೇಟೆ, ಕೂಡ್ಲಿಗಿ, ಹಗರಿಬೊಮ್ಮನಹಳ್ಳಿ ಕಡೆಯವರು ಹಳೆಯ ರೂಢಿಯಿಂದ ಈಗಲೂ ಬಳ್ಳಾರಿಗೆ ಅರ್ಜಿ ಕೊಡುವುದುಂಟು. 2021ರಿಂದ ಅವರ ಜಿಲ್ಲೆ ವಿಜಯನಗರ. ತಪ್ಪು ಜಿಲ್ಲೆಗೆ ಕೊಟ್ಟ ಅರ್ಜಿ ತಿರುಗಿ ಬರುವಷ್ಟರಲ್ಲಿ ಟವರ್ ನಿಂತಿರುತ್ತದೆ.

ಒಬ್ಬೊಬ್ಬ ಮಾಲೀಕನದೂ ಪ್ರತ್ಯೇಕ ಅರ್ಜಿ ಇರಲಿ. ಊರಿನವರೆಲ್ಲ ಸೇರಿ ಒಂದು ಮನವಿ ಕೊಡುವುದಕ್ಕೆ ಅಡ್ಡಿಯಿಲ್ಲ, ಆದರೆ ಅದು ಒಬ್ಬೊಬ್ಬರ ಆಕ್ಷೇಪಣೆಯ ಜಾಗದಲ್ಲಿ ನಿಲ್ಲುವುದಿಲ್ಲ. ಒಳಗಿನ ಮಾತು ಹೀಗಿರಲಿ:

‘… ಗ್ರಾಮದ ಸರ್ವೆ ನಂಬರ್ …, ಹಿಸ್ಸಾ …, ವಿಸ್ತೀರ್ಣ … ಎಕರೆ … ಗುಂಟೆ ಜಮೀನಿನ ಮಾಲೀಕನಾದ ನಾನು ಸಲ್ಲಿಸುವ ಆಕ್ಷೇಪಣೆ. ದಿನಾಂಕ … ರಂದು ನನಗೆ ನೋಟಿಸ್ ನೀಡದೆ ನನ್ನ ಹೊಲದ ನಡುಭಾಗದಲ್ಲಿ … ಸಂಖ್ಯೆಯ ಗೂಟ ಹಾಕಲಾಗಿದೆ. ಅದು ನನ್ನ ಚಾಲ್ತಿ ಬೋರ್‌ವೆಲ್‌ನಿಂದ 9 ಮೀಟರ್ ದೂರದಲ್ಲಿದೆ. ಒಂದು, ಈ ಕಾಮಗಾರಿಗೆ ಸಂಬಂಧಿಸಿದ 164ನೇ ಕಲಮಿನ ಆದೇಶದ ಪ್ರತಿಯನ್ನು ಒದಗಿಸಬೇಕು. ಎರಡು, ಟವರನ್ನು ಪೂರ್ವದ ಬದುವಿನ ಕಡೆಗೆ 30 ಮೀಟರ್ ಸರಿಸಿದರೆ ಬೋರ್‌ವೆಲ್ ಉಳಿಯುತ್ತದೆ, ನಕ್ಷೆ ಲಗತ್ತಿಸಿದೆ. ಮೂರು, ಅದು ಸಾಧ್ಯವಿಲ್ಲ ಎಂದಾದರೆ ತಾಂತ್ರಿಕ ಕಾರಣವನ್ನು ಲಿಖಿತವಾಗಿ ತಿಳಿಸಬೇಕು. ನಾಲ್ಕು, ಯಾವುದೇ ಕೆಲಸ ಶುರುವಾಗುವ ಮೊದಲು ಬೆಳೆ, ಮರ, ಬೋರ್‌ವೆಲ್, ಪೈಪ್‌ಲೈನ್‌ಗಳ ಜಂಟಿ ಪಂಚನಾಮೆ ನಡೆಸಿ ಪ್ರತಿ ಕೊಡಬೇಕು. ಪರಿಹಾರದ ಬಗೆಗಿನ ನನ್ನ ಹಕ್ಕುಗಳನ್ನು ಕಾಯ್ದಿರಿಸಿಕೊಂಡಿದ್ದೇನೆ.’

ಇಷ್ಟು ಸಾಕು. ಎರಡನೆಯ ಅಂಶದ ಮೇಲೆ ಹೆಚ್ಚು ಶ್ರಮ ಹಾಕಿ. ‘ಬೇರೆಯವರ ಹೊಲದಲ್ಲಿ ಹಾಕಿ’ ಎಂಬುದು ಪರ್ಯಾಯ ಮಾರ್ಗವಲ್ಲ. ಆ ಬೇರೆಯವರು ನಾಳೆ ನಿಮ್ಮ ವಿರುದ್ಧವೇ ಅರ್ಜಿ ಹಿಡಿದು ನಿಲ್ಲುತ್ತಾರೆ. ನಿಮ್ಮ ಹೊಲದೊಳಗೇ ನಡುವಿನಿಂದ ಬದುವಿಗೆ, ನೀರಾವರಿ ಭಾಗದಿಂದ ಮಸಾರಿಗೆ, ಇಲ್ಲವೇ ಪಕ್ಕದ ಸರ್ಕಾರಿ ದಾರಿಯ ಅಂಚಿಗೆ ಸರಿಸಿ ಎಂದು ಅಳತೆ ಸಮೇತ ಕೇಳಿದ ಅರ್ಜಿಗಳಲ್ಲಿ ಎಂಜಿನಿಯರುಗಳು ಒಪ್ಪಿದ್ದನ್ನು ನೋಡಿದ್ದೇನೆ. ಕಾಯ್ದೆಯೂ ‘ಸಾಧ್ಯವಾದಷ್ಟು ಕಡಿಮೆ ಹಾನಿ’ ಮಾಡಬೇಕೆನ್ನುತ್ತದೆ. ಆ ಮಾತಿಗೆ ಬಲ ಬರುವುದು ಕಡಿಮೆ ಹಾನಿಯ ಜಾಗವನ್ನು ನೀವೇ ತೋರಿಸಿದಾಗ.

ಕೈಯಾರೆ ಕೊಟ್ಟರೆ ನಿಮ್ಮ ಪ್ರತಿಯ ಮೇಲೆ ಮೊಹರು, ಸಹಿ, ತಾರೀಖು ಪಡೆಯದೆ ಕಚೇರಿಯಿಂದ ಹೊರಬೀಳಬೇಡಿ. ‘ಸಾಹೇಬರು ಇಲ್ಲ, ಇಟ್ಟು ಹೋಗಿ’ ಎಂದರೆ ಇಡಬೇಡಿ. ಸ್ಪೀಡ್ ಪೋಸ್ಟ್ ಮಾಡಿ ರಸೀದಿ ಉಳಿಸಿ. ಆ ಹದಿನಾಲ್ಕು ಸಹಿಯ ಅರ್ಜಿಯನ್ನು ಅವರು ನಿಜವಾಗಿಯೂ ಕೊಟ್ಟಿದ್ದರು, ಅದೂ ಗೂಟ ಬಿದ್ದ ಮೂರನೆಯ ದಿನವೇ. ಕೊಟ್ಟದ್ದಕ್ಕೆ ಪುರಾವೆ ಇರಲಿಲ್ಲ, ಅಷ್ಟೇ.

ಹಂತ 5: ಮಾಹಿತಿ ಹಕ್ಕಿನ ಅರ್ಜಿ

ಆಕ್ಷೇಪಣೆ ಕೊಟ್ಟ ದಿನವೇ ಇದನ್ನೂ ಕೊಡಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಅರ್ಜಿ ಒಂದೇ ವಿಷಯಕ್ಕೆ ಸಂಬಂಧಿಸಿರಬೇಕು, 150 ಪದ ಮೀರಬಾರದು. ಉದ್ದನೆಯ ಅರ್ಜಿ ಬರೆದು ತಿರಸ್ಕಾರ ಪಡೆಯುವವರು ಈಗಲೂ ಇದ್ದಾರೆ. 164ರ ಆದೇಶ, ನಿಮ್ಮ ಗ್ರಾಮದ ಮಾರ್ಗ ನಕ್ಷೆ, ಟವರ್ ಪಟ್ಟಿ, ಪರಿಹಾರ ದರ ನಿಗದಿಯ ಆದೇಶ: ಈ ನಾಲ್ಕು ದಾಖಲೆಗಳ ಪ್ರತಿಯನ್ನು ಮಾತ್ರ ಕೇಳಿ. ‘ಏಕೆ ನಮ್ಮ ಹೊಲವನ್ನೇ ಆರಿಸಿದಿರಿ’ ಎಂಬ ಪ್ರಶ್ನೆಗೆ ಮಾಹಿತಿ ಹಕ್ಕಿನಲ್ಲಿ ಉತ್ತರ ಸಿಗುವುದಿಲ್ಲ.

ಹಂತ 6: ಜಿಲ್ಲಾಧಿಕಾರಿಯ ಮುಂದೆ

ನೀವು ತಡೆದರೆ ಲೈನಿನವರು ತಂತಿ ಕಾಯ್ದೆಯ 16ನೇ ಕಲಮಿನ ಒಂದನೇ ಉಪಕಲಮಿನಡಿ ಜಿಲ್ಲಾ ದಂಡಾಧಿಕಾರಿಗೆ ಅರ್ಜಿ ಹಾಕುತ್ತಾರೆ. ವಿಚಾರಣೆಯ ನೋಟಿಸ್ ಬಂದರೆ ತಪ್ಪದೆ ಹೋಗಿ. ಅಲ್ಲಿ ಏಳಬೇಕಾದ ಮಾತು ಎರಡೇ: ಅಧಿಕಾರ ಮತ್ತು ಮಾರ್ಗ. ಪರಿಹಾರದ ಮೊತ್ತ ಸಾಲದು ಎಂಬ ವಾದವನ್ನು ಅಲ್ಲಿ ಗಂಟೆಗಟ್ಟಲೆ ಮಂಡಿಸಿ, ಬದಲಿ ನಕ್ಷೆಯನ್ನು ಚೀಲದಲ್ಲೇ ಉಳಿಸಿಕೊಂಡು ಬಂದವರಿದ್ದಾರೆ. ಮೊತ್ತದ ವ್ಯಾಜ್ಯವನ್ನು ಕಾಯ್ದೆ ಜಿಲ್ಲಾ ನ್ಯಾಯಾಧೀಶರಿಗೆ ಒಪ್ಪಿಸಿದೆ.

ಹೇಳಿದ್ದನ್ನೆಲ್ಲ ಬರಹದಲ್ಲೂ ಕೊಡಿ. ಸ್ಥಳ ಪರಿಶೀಲನೆ ಮಾಡಿಸಿ ಎಂದು ಕೇಳಿ. ತಹಶೀಲ್ದಾರ್ ಅಥವಾ ಕಂದಾಯ ನಿರೀಕ್ಷಕರು ಬಂದಾಗ ನೀವೂ ಹೊಲದಲ್ಲಿರಿ. ಆದೇಶ ನಿಮ್ಮ ವಿರುದ್ಧ ಬಂದರೆ ದೃಢೀಕೃತ ಪ್ರತಿಗೆ ಅಂದೇ ಅರ್ಜಿ ಹಾಕಿ. ಆ ಆದೇಶದ ನಂತರವೂ ತಡೆಯುವುದು ಅಪರಾಧ. ಹಳೆಯ ದಂಡಸಂಹಿತೆಯ 188ರ ಜಾಗದಲ್ಲಿ 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 223ನೇ ಕಲಂ ಇದೆ. ಜೆಸಿಬಿ ಮುಂದೆ ಹೆಂಗಸರನ್ನು ಕೂರಿಸುವುದು, ನೌಕರರನ್ನು ನೂಕುವುದು ಇನ್ನೂ ಭಾರವಾದ ಕಲಮುಗಳನ್ನು ಎಳೆದು ತರುತ್ತದೆ. ಅಲ್ಲಿಂದ ಮುಂದೆ ಪರಿಹಾರದ ಮಾತು ಹಿಂದೆ ಬಿದ್ದು ಜಾಮೀನಿನ ಮಾತು ಶುರುವಾಗುತ್ತದೆ.

ಜೆಸ್ಕಾಂನ ಸಣ್ಣ ಲೈನಾಗಿದ್ದು, ಅದು ವಿದ್ಯುಚ್ಛಕ್ತಿ ಕಾಯ್ದೆಯ 67ನೇ ಕಲಮಿನಡಿ ಬಂದದ್ದಾದರೆ, ಪರಿಹಾರವೂ ಸೇರಿದಂತೆ ಆ ಕಲಮಿನ ವ್ಯಾಜ್ಯವನ್ನು ತೀರ್ಮಾನಿಸುವುದು ಬೆಂಗಳೂರಿನ ವಿದ್ಯುಚ್ಛಕ್ತಿ ನಿಯಂತ್ರಣ ಆಯೋಗ.

ತಡೆಯಾಜ್ಞೆಗೆ ತಾಲ್ಲೂಕಿನ ಸಿವಿಲ್ ನ್ಯಾಯಾಲಯಕ್ಕೆ ಓಡಬೇಡಿ. 2018ರಲ್ಲಿ ತಿದ್ದುಪಡಿಯಾದ ನಿರ್ದಿಷ್ಟ ಪರಿಹಾರ ಕಾಯ್ದೆ ಮೂಲಸೌಕರ್ಯ ಯೋಜನೆಗಳನ್ನು ತಡೆಯುವ ಅಥವಾ ತಡ ಮಾಡುವ ನಿರ್ಬಂಧಕಾಜ್ಞೆ ಕೊಡಬಾರದು ಎನ್ನುತ್ತದೆ. ವಿದ್ಯುತ್ ಪ್ರಸರಣ ಆ ಪಟ್ಟಿಯಲ್ಲಿದೆ. ಅಧಿಕಾರವೇ ಇಲ್ಲದವರು ನುಗ್ಗಿದ್ದರೆ ಅಥವಾ ನಿಮ್ಮನ್ನು ಕೇಳದೆಯೇ ಆದೇಶವಾಗಿದ್ದರೆ ಹೈಕೋರ್ಟಿಗೆ ರಿಟ್ ಹಾಕುವುದು ಸರಿಯಾದ ದಾರಿ. ಬಳ್ಳಾರಿ, ಕೊಪ್ಪಳದವರಿಗೆ ಧಾರವಾಡ ಪೀಠ. ರಾಯಚೂರಿನವರಿಗೆ ಕಲಬುರಗಿ ಪೀಠ.

ಹಂತ 7: ಕೆಲಸ ನಡೆಯುವ ದಿನಗಳು

ನನ್ನ ಸೋದರಮಾವನ ದಾಳಿಂಬೆ ತೋಟ ಕುಷ್ಟಗಿ ಹತ್ತಿರ ಇದೆ. ತಂತಿ ಎಳೆಯುವ ವಾರ ಅವರು ಮಗಳ ಮದುವೆಯ ಓಡಾಟದಲ್ಲಿದ್ದರು. ಗುತ್ತಿಗೆದಾರರ ಆಳುಗಳು 83 ಗಿಡ ಕಡಿದು, ಪಂಚನಾಮೆಯಲ್ಲಿ 60 ಬರೆದು, ತೋಟದ ಆಳಿನ ಹೆಬ್ಬೆಟ್ಟು ಹಾಕಿಸಿಕೊಂಡು ಹೋಗಿದ್ದರು. ನಾವು ಆಮೇಲೆ ಕೊರಡುಗಳನ್ನು ಎಣಿಸಿ, ಒಂದೊಂದಕ್ಕೂ ಸುಣ್ಣದಲ್ಲಿ ಸಂಖ್ಯೆ ಬರೆದು, ಚಿತ್ರ ತೆಗೆದು ಮತ್ತೆ ಅರ್ಜಿ ಕೊಟ್ಟೆವು. 23 ಗಿಡಗಳಿಗಾಗಿ ಹನ್ನೊಂದು ತಿಂಗಳು ಹಿಡಿಯಿತು.

ಕಡಿಯುವ ಮೊದಲೇ ಗಿಡಗಳಿಗೆ ಸಂಖ್ಯೆ ಬರೆಯಿರಿ, ಆಗ ಎಣಿಕೆಯ ಜಗಳವೇ ಹುಟ್ಟುವುದಿಲ್ಲ. ಹಣ್ಣಿನ ಗಿಡಗಳ ಬೆಲೆಗೆ ತೋಟಗಾರಿಕೆ ಇಲಾಖೆಯ, ಬೆಳೆಗೆ ಕೃಷಿ ಇಲಾಖೆಯ, ಮರಮುಟ್ಟಿಗೆ ಅರಣ್ಯ ಇಲಾಖೆಯ ಮೌಲ್ಯಮಾಪನ ಕೇಳಿ. ಬುನಾದಿ, ಟವರ್ ನಿಲ್ಲಿಸುವುದು, ತಂತಿ ಎಳೆಯುವುದು ಮೂರೂ ಬೇರೆ ಬೇರೆ ತಿಂಗಳಲ್ಲಿ ನಡೆಯುತ್ತವೆ. ಮೂರು ಸಲವೂ ಬೆಳೆ ಹಾಳಾಗುತ್ತದೆ, ಮೂರು ಸಲವೂ ಪಂಚನಾಮೆ ಆಗಬೇಕು. ಒಂದೇ ಸಲ ಬರೆದುಕೊಂಡು ‘ಎಲ್ಲ ಸೇರಿ’ ಎನ್ನುವವರಿಗೆ ಒಪ್ಪಬೇಡಿ. ಲಾರಿ ಓಡಾಡಿ ಗಟ್ಟಿಯಾದ ದಾರಿಯನ್ನು ಮತ್ತೆ ಉಳುವ ಖರ್ಚು, ಒಡೆದ ಬದು, ಮುರಿದ ಡ್ರಿಪ್ ಪೈಪುಗಳೂ ಪಂಚನಾಮೆಯಲ್ಲಿ ಬರಲಿ.

ಹಂತ 8: ಲೆಕ್ಕ ನೀವೇ ಹಾಕಿ

ಕೇಂದ್ರ ವಿದ್ಯುತ್ ಸಚಿವಾಲಯ 66 ಕೆವಿ ಮತ್ತು ಮೇಲಿನ ಟವರ್ ಲೈನ್‌ಗಳಿಗೆ 2015ರ ಅಕ್ಟೋಬರ್‌ನಲ್ಲಿ ಒಂದು ಮಾರ್ಗಸೂಚಿ ಕೊಟ್ಟಿತ್ತು: ಟವರ್ ತಳದ ಭೂಮಿಗೆ ಬೆಲೆಯ ಶೇ 85, ಕಾರಿಡಾರಿಗೆ ಹೆಚ್ಚೆಂದರೆ ಶೇ 15. 2024ರ ಜೂನ್ 14ರ ಹೊಸ ಮಾರ್ಗಸೂಚಿಯಲ್ಲಿ ಅದು ಶೇ 200 ಮತ್ತು ಶೇ 30ಕ್ಕೆ ಏರಿದೆ. ಟವರ್ ತಳ ಎಂದರೆ ನಾಲ್ಕು ಕಾಲುಗಳ ನಡುವಿನ ಜಾಗದ ಜೊತೆಗೆ ಪ್ರತಿ ಬದಿಗೂ ಒಂದು ಮೀಟರ್. ಇದು ಬೆಳೆ ಮತ್ತು ಮರದ ಪರಿಹಾರವನ್ನು ಬಿಟ್ಟು ಬರುವ ಹಣ. ರಾಜ್ಯದೊಳಗಿನ ಮಾರ್ಗಗಳಿಗೆ ದರ ನಿಲ್ಲುವುದು ರಾಜ್ಯದ ಆದೇಶದ ಮೇಲೆ. ಮಾಹಿತಿ ಹಕ್ಕಿನಲ್ಲಿ ದರ ನಿಗದಿಯ ಆದೇಶ ಕೇಳಿ ಎಂದದ್ದು ಅದಕ್ಕೇ.

ಒಂದು ಉದಾಹರಣೆ ಬಿಡಿಸೋಣ. ಎಕರೆಗೆ 10 ಲಕ್ಷ ಬೆಲೆ ಎಂದಿಟ್ಟುಕೊಳ್ಳಿ. ಗುಂಟೆಗೆ 25 ಸಾವಿರ. 220 ಕೆವಿ ಟವರಿನ ಕಾಲುಗಳ ನಡುವೆ 8 ಮೀಟರ್ ಇದ್ದರೆ ಎರಡೂ ಬದಿ ಸೇರಿ 10 ಮೀಟರ್. ಹತ್ತಕ್ಕೆ ಹತ್ತು, ಸುಮಾರು ಒಂದು ಗುಂಟೆ. ಶೇ 200 ಅಂದರೆ 50 ಸಾವಿರ. ತಂತಿ ನಿಮ್ಮ ಹೊಲದ ಮೇಲೆ 200 ಮೀಟರ್ ಹಾದರೆ ಕಾರಿಡಾರ್ 200 ಗುಣಿಸು 35, ಅಂದರೆ 7,000 ಚದರ ಮೀಟರ್, ಸುಮಾರು 69 ಗುಂಟೆ. ಅದರ ಬೆಲೆ 17 ಲಕ್ಷದ ಮೇಲೆ. ಶೇ 30 ಎಂದರೆ 5 ಲಕ್ಷ 17 ಸಾವಿರದಷ್ಟು.

ಟವರಿಗೆ ಅರ್ಧ ಲಕ್ಷ, ತಂತಿಗೆ ಐದು ಲಕ್ಷ. ಆದರೂ ಹಳ್ಳಿಗಳಲ್ಲಿ ಚೌಕಾಸಿ ನಡೆಯುವುದು ಟವರಿಗೆ ಮಾತ್ರ. ‘ನಮ್ಮ ಹೊಲದಲ್ಲಿ ಟವರ್ ಇಲ್ಲ, ಬರೀ ತಂತಿ, ನಮಗೇನು ಬರುತ್ತದೆ’ ಎಂದು ಕೈಚೆಲ್ಲಿ ಕುಳಿತ ಪಕ್ಕದ ಹೊಲದವರನ್ನು ಕಂಡಾಗಲೆಲ್ಲ ನನಗೆ ಹೊಟ್ಟೆ ಉರಿಯುತ್ತದೆ.

ಭೂಮಿಯ ಬೆಲೆಗೆ ಉಪನೋಂದಣಾಧಿಕಾರಿ ಕಚೇರಿಯ ಮಾರ್ಗಸೂಚಿ ದರವನ್ನೇ ಹಿಡಿಯುತ್ತಾರೆ. ಮಾರುಕಟ್ಟೆ ಬೆಲೆ ಅದಕ್ಕಿಂತ ಹೆಚ್ಚಿದ್ದರೆ ಜಿಲ್ಲಾಧಿಕಾರಿ ಆ ಬೆಲೆಯ ಆಧಾರದ ಮೇಲೆ ದರ ನಿಗದಿ ಮಾಡಲು 2024ರ ಮಾರ್ಗಸೂಚಿಯಲ್ಲಿ ಅವಕಾಶವಿದೆ. ಅಕ್ಕಪಕ್ಕದ ಹೊಲಗಳ ಇತ್ತೀಚಿನ ಕ್ರಯಪತ್ರಗಳ ನಕಲು ತೆಗೆಸಿ ಲಗತ್ತಿಸಿ.

ಹಂತ 9: ಚೆಕ್ ಬಂದಾಗ, ಮತ್ತು ಜಿಲ್ಲಾ ನ್ಯಾಯಾಧೀಶರ ಮುಂದೆ

ಚೆಕ್ ತೆಗೆದುಕೊಳ್ಳಿ. ತೆಗೆದುಕೊಂಡರೆ ಹಕ್ಕು ಹೋಗುತ್ತದೆ ಎಂದು ಹೆದರಿ ವಾಪಸ್ ಕಳಿಸುವವರಿದ್ದಾರೆ. ಹಕ್ಕು ಹೋಗುವುದು ‘ಪೂರ್ಣ ಮತ್ತು ಅಂತಿಮ’ ಎಂದು ಅಚ್ಚಾದ ಕಾಗದಕ್ಕೆ ಸುಮ್ಮನೆ ಸಹಿ ಹಾಕಿದಾಗ. ಸಹಿಯ ಮೇಲೆ ನಿಮ್ಮ ಕೈಯಾರೆ ‘ಹೆಚ್ಚಿನ ಪರಿಹಾರದ ಹಕ್ಕು ಕಾಯ್ದಿರಿಸಿ, ಆಕ್ಷೇಪಣೆಯೊಂದಿಗೆ ಸ್ವೀಕರಿಸಿದ್ದೇನೆ’ ಎಂದು ಬರೆದು, ಆ ಹಾಳೆಯ ಚಿತ್ರ ತೆಗೆದುಕೊಳ್ಳಿ.

ಸಾಲದಿದ್ದರೆ 16ನೇ ಕಲಮಿನ ಮೂರನೇ ಉಪಕಲಮಿನಡಿ ಜಿಲ್ಲಾ ನ್ಯಾಯಾಧೀಶರಿಗೆ ಅರ್ಜಿ. ಹಣ ಯಾರಿಗೆ ಎಷ್ಟು ಪಾಲು ಎಂಬ ಅಣ್ಣ ತಮ್ಮಂದಿರ ತಕರಾರೂ ಅವರಿಗೇ, ನಾಲ್ಕನೇ ಉಪಕಲಮಿನಡಿ. ಅವಧಿ 3 ವರ್ಷ. ಕೇರಳ ವಿದ್ಯುತ್ ಮಂಡಳಿಯ 1976ರ ಪ್ರಕರಣದಲ್ಲಿ ಇಂಥ ಅರ್ಜಿಗೆ ಕಾಲಮಿತಿ ಕಾಯ್ದೆಯ 137ನೇ ವಿಧಿ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟ್ ತೀರ್ಮಾನಿಸಿದೆ. ಕಚೇರಿಗೆ ಕೊಟ್ಟ ಮನವಿಗಳು ಗಡಿಯಾರವನ್ನು ನಿಲ್ಲಿಸುವುದಿಲ್ಲ. ಚೆಕ್ ಬಂದ ದಿನದಿಂದ ಎಣಿಸದೆ ಹಾನಿಯಾದ ದಿನದಿಂದಲೇ ಎಣಿಸಿಕೊಳ್ಳುವುದು ಕ್ಷೇಮ.

ಅಲ್ಲಿ ಏನನ್ನು ಸಾಬೀತು ಮಾಡಬೇಕು? 2007ರ ಲಿವಿಷಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದನ್ನು ಅಳತೆಗೋಲಾಗಿಡಿ: ಭೂಮಿ ಎಲ್ಲಿದೆ, ತಂತಿಗಳ ನಡುವಿನ ಅಂತರ ಎಷ್ಟು, ಲೈನ್ ಎಷ್ಟು ಉದ್ದ ಹಾದಿದೆ, ಹೊಲದ ಸಣ್ಣ ತುಂಡಿನ ಮೇಲಷ್ಟೇ ಹೋಗಿದೆಯೋ ನಡುವೆ ಸೀಳಿಕೊಂಡು ಹೋಗಿದೆಯೋ. ಹಂತ 3ರ ನಿಮ್ಮ ನಕ್ಷೆ ಈ ಪ್ರಶ್ನೆಗಳಿಗೇ ಉತ್ತರ. ಜಿಲ್ಲಾ ನ್ಯಾಯಾಧೀಶರ ತೀರ್ಮಾನ ಕಾಯ್ದೆಯ ಪ್ರಕಾರ ಅಂತಿಮ. ಅಲ್ಲಿಂದ ಮುಂದೆ ಹೈಕೋರ್ಟ್ ಬಾಗಿಲು ಕಿರಿದು. ಇದ್ದ ಸಾಕ್ಷ್ಯವನ್ನೆಲ್ಲ ಇಲ್ಲೇ ಹಾಜರುಪಡಿಸಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ, ಕಡಿಮೆ ಆದಾಯದವರಿಗೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ. ಅದರ ಕಚೇರಿ ನ್ಯಾಯಾಲಯದ ಆವರಣದಲ್ಲೇ ಇರುತ್ತದೆ.

ಎಚ್ಚರಿಕೆಯ ಗುರುತುಗಳು

ಖಾಲಿ ಛಾಪಾ ಕಾಗದಕ್ಕೆ ಸಹಿ ಕೇಳಿದರೆ ಮಾತು ಅಲ್ಲಿಗೇ ಮುಗಿಸಿ. ಖಾಸಗಿ ಕಂಪನಿಯ ಕರಾರಿನಲ್ಲಿ ಅವಧಿ ಎಷ್ಟು ವರ್ಷ, ಬಾಡಿಗೆ ಹೆಚ್ಚಳ ಯಾವಾಗ, ಘಟಕ ಮುಚ್ಚಿದರೆ ಕಂಬ ಕೀಳುವವರು ಯಾರು ಎಂಬುದಿಲ್ಲದಿದ್ದರೆ ಅದು ಕರಾರಲ್ಲ, ದಾನಪತ್ರ. ಪವರ್ ಆಫ್ ಅಟಾರ್ನಿ ಎಂಬ ಪದ ಕಂಡರೆ ವಕೀಲರಿಗೆ ತೋರಿಸದೆ ಮುಟ್ಟಬೇಡಿ. ಊರಿನ ಪರಿಚಿತರೊಬ್ಬರು ‘ನಾನು ಮಾತಾಡಿಸುತ್ತೇನೆ’ ಎಂದು ಬಂದರೆ ಅವರ ಹೊಲದ ಮೇಲೂ ಲೈನ್ ಹೋಗಿದೆಯೇ ಎಂದು ಕೇಳಿ ನೋಡಿ.

ಲೈನ್ ಚಾಲೂ ಆದ ಮೇಲೆ ತಂತಿ ಜೋತು ಬಿದ್ದಂತೆ ಕಂಡರೆ ಕೋಲಿನಿಂದಾಗಲಿ ಟೇಪಿನಿಂದಾಗಲಿ ಅಳೆಯಲು ಹೋಗಬೇಡಿ. ನೆಲದಿಂದ ಇರಬೇಕಾದ ಕನಿಷ್ಠ ಎತ್ತರ 110 ಕೆವಿಗೆ 6.1 ಮೀಟರ್, 220 ಕೆವಿಗೆ ಸುಮಾರು 7, 400 ಕೆವಿಗೆ ಸುಮಾರು 8.8. ಬೇಸಿಗೆಯ ಮಧ್ಯಾಹ್ನ ತಂತಿ ಇನ್ನಷ್ಟು ಇಳಿಯುತ್ತದೆ. ಕಟಾವು ಯಂತ್ರ ಹೊಲಕ್ಕೆ ಇಳಿಯುವ ಮೊದಲು ಲೈನಿನವರಿಗೂ ವಿದ್ಯುತ್ ಪರಿವೀಕ್ಷಕರಿಗೂ ದೂರು ಬರೆದು ಅಳೆಸಿ. ತಂತಿಯ ಕೆಳಗೆ ಲೈನ್ ಬಂದ ನಂತರ ನೆಟ್ಟ ಮರಕ್ಕೆ ಪರಿಹಾರ ಸಿಗುವುದಿಲ್ಲ ಎಂಬುದೂ ಗೊತ್ತಿರಲಿ.

ಲೈನ್ ಬಂದು ವರ್ಷಗಳಾದ ಮೇಲೆ

ಮುಂದೊಂದು ದಿನ ಅದೇ ಹೊಲದಲ್ಲಿ ಮನೆ ಕಟ್ಟಬೇಕು, ಅಕ್ಕಿ ಗಿರಣಿ ಹಾಕಬೇಕು ಎಂದರೆ ತಂತಿ ಕಾಯ್ದೆಯ 17ನೇ ಕಲಂ ಇದೆ. ಜಮೀನನ್ನು ಬಳಸಿಕೊಳ್ಳಲು ಲೈನ್ ಸರಿಸಬೇಕಾದ ಅಗತ್ಯ ಬಂದಿದ್ದರೆ ಅದೇ ಜಮೀನಿನ ಬೇರೆ ಭಾಗಕ್ಕೆ ಸರಿಸಿ ಅಥವಾ ಎತ್ತರಿಸಿ ಎಂದು ಕೇಳಬಹುದು. ಹಿಂದೆ ಪರಿಹಾರ ಪಡೆದಿದ್ದರೆ ಸರಿಸುವ ಖರ್ಚು ಅಥವಾ ಪಡೆದ ಪರಿಹಾರದ ಅರ್ಧ, ಎರಡರಲ್ಲಿ ಯಾವುದು ಕಡಿಮೆಯೋ ಅಷ್ಟನ್ನು ನೀವು ಕಟ್ಟಲು ಸಿದ್ಧರಿರಬೇಕು. ಲೈನಿನವರು ಕೇಳದಿದ್ದರೆ ಜಿಲ್ಲಾ ದಂಡಾಧಿಕಾರಿಗೆ ಅರ್ಜಿ. ಒಪ್ಪುವುದೂ ಬಿಡುವುದೂ ಅವರ ವಿವೇಚನೆ. ಆ ಅರ್ಜಿಗೆ ಹಳೆಯ ಪಂಚನಾಮೆ, ಚೆಕ್ಕಿನ ಪ್ರತಿ, ಗೂಟದ ಚಿತ್ರಗಳನ್ನು ಲಗತ್ತಿಸಬೇಕಾಗುತ್ತದೆ. ಅವೆಲ್ಲವನ್ನೂ ಪಹಣಿ ಇಟ್ಟ ಪೆಟ್ಟಿಗೆಯಲ್ಲೇ ಇಡಿ.